ನಲವತ್ತರ ದಶಕದ ಲಾಸ್ ಏಂಜಲೀಸ್, ಸೋಫಿಯಾದಲ್ಲಿ

ಬಲ್ಗೇರಿಯಾದಲ್ಲಿ ಪ್ರೊಡಕ್ಷನ್ ಡಿಸೈನರ್ (ಸಿನಿಮಾದ ಸೆಟ್‌ಗಳು, ಒಟ್ಟು ನೋಟ ಹೇಗಿರಬೇಕು ಅಂತ ರೂಪಿಸುವವರು) ಆದವರಿಗೆ ಕೆಲಸ ಸಿಗುತ್ತಾ ಅಂತ ಕೇಳಿದ್ದೀರಿ. ಸಿಗುತ್ತೆ, ಆದರೆ ಒಂದು ಕೊಕ್ಕೆ ಇದೆ. ರಾಜಧಾನಿ ಸೋಫಿಯಾದ ಅಂಚಿನಲ್ಲಿ, ವಿತೋಶಾ ಬೆಟ್ಟದ ಬುಡದಲ್ಲಿ ಬೊಯಾನಾ ಸ್ಟುಡಿಯೋ ಇದೆ. ಅಲ್ಲಿ ನ್ಯೂಯಾರ್ಕ್ ಬೀದಿ, ಹಳೇ ರೋಮ್ ಎಲ್ಲ ಖಾಯಂ ಸೆಟ್‌ಗಳು. ಅಂಗಡಿ ಬೋರ್ಡು ಬದಲಿಸಿ, ಗೋಡೆಗೆ ಒಂದಿಷ್ಟು ಮಸಿ ಬಳಿದರೆ ಅದೇ ಬೀದಿ ಬೇರೆ ಊರಾಗುತ್ತೆ! ಆದರೆ ದೊಡ್ಡ ಹಾಲಿವುಡ್ ಚಿತ್ರ ಬಂದಾಗ ಮುಖ್ಯ ಡಿಸೈನರ್ ಸಾಮಾನ್ಯವಾಗಿ ಹೊರಗಿನವರೇ. 2006ರ 'ದಿ ಬ್ಲ್ಯಾಕ್ ಡೇಲಿಯಾ'ಗೆ ನಲವತ್ತರ ದಶಕದ ಲಾಸ್ ಏಂಜಲೀಸನ್ನು ಬಲ್ಗೇರಿಯಾದಲ್ಲೇ ಕಟ್ಟಿದರು, ಡಿಸೈನ್ ಮಾತ್ರ ಇಟಲಿಯ ಡಾಂಟೆ ಫೆರೆಟ್ಟಿ ಅವರದು. ಬಡಗಿಗಳು, ಬಣ್ಣದವರು, ಸಹಾಯಕ ಕಲಾ ನಿರ್ದೇಶಕರಾಗಿ ಸ್ಥಳೀಯರು ದುಡಿಯುತ್ತಾರೆ. ಮುಖ್ಯ ಡಿಸೈನರ್ ಅಂತ ಅವರ ಸ್ವಂತ ಹೆಸರು ಬರೋದು ಬಲ್ಗೇರಿಯನ್ ಚಿತ್ರಗಳಲ್ಲೇ, ಅಲ್ಲಿ ಬಜೆಟ್ ಕಮ್ಮಿ.