ವೈದ್ಯೆಯ ವರ್ಗಾವಣೆ: ಮೊದಲು ಆಡಳಿತ ನ್ಯಾಯಮಂಡಳಿಗೆ
ಉಡುಪಿ ಜಿಲ್ಲೆಯ ತಾಲ್ಲೂಕು ಆಸ್ಪತ್ರೆಯಲ್ಲಿ ಪ್ರಸೂತಿ ತಜ್ಞೆಯಾಗಿರುವ ತಮ್ಮ ಪತ್ನಿಯ ಅವಧಿಪೂರ್ವ ವರ್ಗಾವಣೆಯ ವಿರುದ್ಧ ನೇರವಾಗಿ ಹೈಕೋರ್ಟಿಗೆ ಹೋಗಬಹುದೇ ಎಂದು ಕೇಳಿದ್ದೀರಿ. ಆಗದು, ಸುಪ್ರೀಂ ಕೋರ್ಟಿನ 1997ರ ಎಲ್. ಚಂದ್ರಕುಮಾರ್ ತೀರ್ಪಿನಂತೆ ಸರ್ಕಾರಿ ನೌಕರರ ಇಂತಹ ಸೇವಾ ವ್ಯಾಜ್ಯಗಳು ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೇ ಹೋಗಬೇಕು, ಉಡುಪಿಯವರಿಗೆ ಅದು ಬೆಂಗಳೂರಿನ ಪೀಠ. 1991ರ ಶಿಲ್ಪಿ ಬೋಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದಂತೆ, ಶಾಸನಬದ್ಧ ನಿಯಮದ ಉಲ್ಲಂಘನೆಯನ್ನೋ ದುರುದ್ದೇಶವನ್ನೋ ತೋರಿಸದೆ, ಮಕ್ಕಳ ಶಾಲೆ, ಅತ್ತೆಯ ಅನಾರೋಗ್ಯ ಎಂದಷ್ಟೇ ಬರೆದರೆ ಅರ್ಜಿ ನಿಲ್ಲುವುದು ಕಷ್ಟ. ಹಾಗಾಗಿ ವೈದ್ಯಾಧಿಕಾರಿಗಳ ವರ್ಗಾವಣೆಗೆಂದೇ ಇರುವ 2011ರ ರಾಜ್ಯ ಕಾಯ್ದೆಯನ್ನು ಆದೇಶದ ಪಕ್ಕದಲ್ಲಿಟ್ಟು ವಕೀಲರಿಂದ ಓದಿಸಿ. ಬದಲಿ ವೈದ್ಯರಿಲ್ಲದೆ ಆ ಹುದ್ದೆ ಖಾಲಿ ಬಿದ್ದರೆ ಗರ್ಭಿಣಿಯರು ಮಂಗಳೂರಿನ ಸರ್ಕಾರಿ ಹೆರಿಗೆ ಆಸ್ಪತ್ರೆ ಲೇಡಿಗೋಶನ್‌ವರೆಗೆ ಅಲೆಯಬೇಕಾದೀತು ಎಂಬುದನ್ನೂ ಮನವಿಯಲ್ಲಿ ಅಗತ್ಯವಾಗಿ ಬರೆಯಿರಿ. ಇಲಾಖೆಗೆ ಕೊಟ್ಟ ಮನವಿಯ ಪ್ರತಿಯ ಮೇಲೆ ಸ್ವೀಕೃತಿ ಮುದ್ರೆ, ದಿನಾಂಕ ಇರಲಿ. ಈಗಿನ ಹುದ್ದೆಯಿಂದ ಬಿಡುಗಡೆ ಮಾಡುವ ಆದೇಶ ಕೈಸೇರುವ ಮೊದಲೇ ತಡೆಯಾಜ್ಞೆ ಕೋರುವುದು ಲೇಸು.