ಕ್ರಾಂತಿ ಮಾಡಿದ್ದು ಸೈನಿಕರು, ಹಾಗಾದರೆ ವಿದ್ಯಾರ್ಥಿಗಳು ಮಾಡಿದ್ದೇನು?

ಪ್ರಶ್ನೆ: 1974ರ ಏಪ್ರಿಲ್ 25ರಂದು ಪೋರ್ಚುಗಲ್‌ನ ಸರ್ವಾಧಿಕಾರ ಕಿತ್ತೊಗೆದದ್ದು ಸೇನೆಯ ಕ್ಯಾಪ್ಟನ್‌ಗಳು ಅಲ್ವಾ? ಅದಕ್ಕೂ ಮುಂಚೆ ವರ್ಷಗಟ್ಟಲೆ ಹೋರಾಡಿದ ವಿದ್ಯಾರ್ಥಿಗಳಿಂದ ನಿಜಕ್ಕೂ ಏನಾದರೂ ಆಯಿತಾ?

ಉತ್ತರ: ಆಯಿತು, ನಾವು ಅಂದುಕೊಂಡಿದ್ದಕ್ಕಿಂತ ಜಾಸ್ತಿ.

ಆಗಿನ ಹುಡುಗರ ಸ್ಥಿತಿ ನೋಡಿ. 1961ರಲ್ಲಿ ಪೋರ್ಚುಗಲ್‌ನ ಆಫ್ರಿಕಾ ವಸಾಹತು ಅಂಗೋಲಾದಲ್ಲಿ ಸ್ವಾತಂತ್ರ್ಯಕ್ಕಾಗಿ ಯುದ್ಧ ಶುರುವಾಯಿತು (ಅದೇ ಡಿಸೆಂಬರಿನಲ್ಲಿ ಕಾರವಾರದ ಪಕ್ಕದ ಗೋವಾ ಕೂಡ ಪೋರ್ಚುಗೀಸರ ಕೈಬಿಟ್ಟಿತು). ಆಮೇಲೆ ಆಫ್ರಿಕಾದ ಇನ್ನೆರಡು ವಸಾಹತುಗಳಾದ ಗಿನಿ-ಬಿಸಾವು, ಮೊಜಾಂಬಿಕ್‌ನಲ್ಲೂ. ಸೇನಾ ಸೇವೆ ಕಡ್ಡಾಯ. ಒಲ್ಲೆ ಎಂದವರು ಕದ್ದು ಗಡಿ ದಾಟಿ ಫ್ರಾನ್ಸ್ ಸೇರುತ್ತಿದ್ದರು. ಯುದ್ಧದ ವಿರುದ್ಧ ಬಾಯಿಬಿಟ್ಟರೆ 'ಪಿಡೆ' ಎಂಬ ಗುಪ್ತ ಪೊಲೀಸರು ಹಿಡಿಯುತ್ತಿದ್ದರು.

1962ರಲ್ಲಿ ವಿದ್ಯಾರ್ಥಿ ದಿನಾಚರಣೆಗೆ ನಿಷೇಧ ಬಿದ್ದಾಗ ಲಿಸ್ಬನ್‌ನಲ್ಲಿ ತರಗತಿ ಬಹಿಷ್ಕಾರ ನಡೆಯಿತು. ಆಗ ಸರ್ಕಾರದ ನಡೆಯನ್ನು ವಿರೋಧಿಸಿ ಲಿಸ್ಬನ್ ವಿಶ್ವವಿದ್ಯಾಲಯದ ಮುಖ್ಯಸ್ಥ ಮಾರ್ಸೆಲು ಕೈತಾನು ರಾಜೀನಾಮೆ ಕೊಟ್ಟರು. ಅದೇ ಕೈತಾನು 1968ರಲ್ಲಿ ಸರ್ವಾಧಿಕಾರಿ ಸಲಜಾರ್ ಜಾಗಕ್ಕೆ ಪ್ರಧಾನಿಯಾಗಿ ಬಂದು ಯುದ್ಧ ಮುಂದುವರಿಸಿದರು. ನನಗೆ ಇದು ಇವತ್ತಿಗೂ ಅರಗಿಸಿಕೊಳ್ಳಲಾಗದ ವಿಷಯ.

ಇನ್ನು 1969ರ ಏಪ್ರಿಲ್ 17. ಕೋಯಿಂಬ್ರಾ ವಿಶ್ವವಿದ್ಯಾಲಯದಲ್ಲಿ ಗಣಿತ ವಿಭಾಗದ ಕಟ್ಟಡ ಉದ್ಘಾಟಿಸಲು ರಾಷ್ಟ್ರಾಧ್ಯಕ್ಷ ಅಮೆರಿಕು ತೊಮಾಸ್ ಬಂದಿದ್ದರು. ವಿದ್ಯಾರ್ಥಿ ಸಂಘದ ಅಧ್ಯಕ್ಷ ಆಲ್ಬರ್ಟೊ ಮಾರ್ಟಿನ್ಸ್ ಎದ್ದು ನಿಂತು, ವಿದ್ಯಾರ್ಥಿಗಳ ಪರವಾಗಿ ನನಗೂ ಮಾತಾಡಲು ಬಿಡಿ ಅಂತ ಕೇಳಿದರು. ಕೇಳಿದ್ದು ಇಷ್ಟೇ. ಬಿಡಲಿಲ್ಲ, ರಾತ್ರಿ ಬಂಧಿಸಿದರು. ವಿದ್ಯಾರ್ಥಿಗಳು ಪರೀಕ್ಷೆಗೇ ಕೂರಲಿಲ್ಲ. ಜೂನ್ 22ರಂದು ಅವರ ಫುಟ್‌ಬಾಲ್ ತಂಡ ಅಕಾಡೆಮಿಕಾ, ಬೆನ್ಫಿಕಾ ವಿರುದ್ಧ ಪೋರ್ಚುಗಲ್ ಕಪ್ ಫೈನಲ್ ಆಡಿದಾಗ ಕ್ರೀಡಾಂಗಣವೇ ಪ್ರತಿಭಟನೆಯ ಜಾಗವಾಯಿತು. ಆ ಪಂದ್ಯ ಟಿವಿಯಲ್ಲಿ ಬರಲೇ ಇಲ್ಲ.

ಸರ್ಕಾರ ಕೊಟ್ಟ ಶಿಕ್ಷೆ ಏನು ಗೊತ್ತಾ? ಹೋರಾಟದ ಮುಂದಾಳುಗಳನ್ನು ಓದು ಬಿಡಿಸಿ ಸೇನೆಗೆ ಹಾಕಿತು. ನಿಮ್ಮ ಪ್ರಶ್ನೆಗೆ ನನ್ನ ಉತ್ತರ ಇಲ್ಲೇ ಇದೆ. ದಂಗೆ ಎದ್ದ ಕ್ಯಾಪ್ಟನ್‌ಗಳು ವೃತ್ತಿ ಸೈನಿಕರು, ಬಡ್ತಿ ವಿಚಾರದ ಸಿಟ್ಟೂ ಅವರಿಗಿತ್ತು, ಆಫ್ರಿಕಾದ ಹೋರಾಟಗಾರರು ಆ ಸೇನೆಯನ್ನು ದಣಿಸಿದ್ದರು, ಇದೆಲ್ಲ ನಿಜ. ಆದರೆ ಆ ಕ್ಯಾಪ್ಟನ್‌ಗಳ ಕೈಕೆಳಗೆ ಕಡ್ಡಾಯ ಸೇವೆಗೆ ಬಂದ ಕಿರಿಯ ಅಧಿಕಾರಿಗಳಲ್ಲಿ ತುಂಬ ಮಂದಿ ವಿಶ್ವವಿದ್ಯಾಲಯದಲ್ಲಿ ಓದಿದವರು. ಈ ಯುದ್ಧ ಯಾಕೆ, ಯಾರಿಗಾಗಿ ಎಂಬ ಮಾತನ್ನು ಬ್ಯಾರಕ್‌ಗಳಿಗೆ ತಂದವರಲ್ಲಿ ಅವರೂ ಇದ್ದರು.