ಗಿಳಿ ಅಂಗಡಿಯಿಂದ ದಕ್ಷಿಣ ಧ್ರುವದವರೆಗೆ: ಮೈಕೆಲ್ ಪೇಲಿನ್ ಕುರಿತು ಓದುಗರ ಪ್ರಶ್ನೆಗಳು

ಬ್ರಿಟನ್ನಿನ ಹಾಸ್ಯನಟ, ಬರಹಗಾರ, ನಿರೂಪಕ ಮೈಕೆಲ್ ಪೇಲಿನ್ ಬಗ್ಗೆ ಬಂದ ಪ್ರಶ್ನೆಗಳಲ್ಲಿ ಒಂದೇ ಬಗೆಯವನ್ನು ಕೂಡಿಸಿ ಇಲ್ಲಿ ಉತ್ತರಿಸಿದ್ದೇವೆ.

ಪ್ರಶ್ನೆ (ಶಿವಮೊಗ್ಗ): ಪೇಲಿನ್ ಹಾಸ್ಯನಟರೋ, ಪ್ರವಾಸ ಕಾರ್ಯಕ್ರಮಗಳ ನಿರೂಪಕರೋ? ಹಾಸ್ಯ ಬಿಟ್ಟು ನಿರೂಪಣೆಗೆ ಬಂದದ್ದು ಯಾವಾಗ, ಹೇಗೆ?

ಉತ್ತರ: ಎರಡೂ ಹೌದು. ಆದರೆ ಹಾಸ್ಯ ಮೊದಲು, ನಿರೂಪಣೆ ಆಮೇಲೆ ಎಂದು ಎಲ್ಲರೂ ತಿಳಿದಿರುವುದು ಅರ್ಧ ಮಾತ್ರ ಸರಿ. ಪೇಲಿನ್ ಹುಟ್ಟಿದ್ದು 1943ರ ಮೇ 5ರಂದು, ಉಕ್ಕಿನ ಕಾರ್ಖಾನೆಗಳ ಊರು ಶೆಫೀಲ್ಡ್‌ನಲ್ಲಿ. ಆಕ್ಸ್‌ಫರ್ಡ್‌ನ ಬ್ರೇಸ್‌ನೋಸ್ ಕಾಲೇಜಿನಲ್ಲಿ ಇತಿಹಾಸ ಓದುವಾಗ ಟೆರ್ರಿ ಜೋನ್ಸ್ ಜೊತೆಯಾದರು. ಇಬ್ಬರೂ ಸೇರಿ ಬರೆಯಲು ಶುರುಮಾಡಿದ್ದು ಅಲ್ಲೇ. 1965ರಲ್ಲಿ ಪದವಿ ಮುಗಿಸಿ ಹೊರಬಂದಾಗ ಸಿಕ್ಕ ಮೊದಲ ಟಿವಿ ಕೆಲಸ ಹದಿಹರೆಯದವರ ಪಾಪ್ ಸಂಗೀತದ ಕಾರ್ಯಕ್ರಮವೊಂದರ ನಿರೂಪಣೆ, ಹೆಸರು ‘ನೌ!’. ಅಂದರೆ ಹಾಸ್ಯನಟರಾಗಿ ಹೆಸರು ಮಾಡುವ ಮೊದಲೇ ಕ್ಯಾಮೆರಾ ನೋಡಿ ಮಾತಾಡುವುದು ಅಭ್ಯಾಸವಾಗಿತ್ತು.

1966ರಿಂದ ಡೇವಿಡ್ ಫ್ರಾಸ್ಟ್ ಅವರ ಟಿವಿ ಹಾಸ್ಯ ಕಾರ್ಯಕ್ರಮ ‘ದ ಫ್ರಾಸ್ಟ್ ರಿಪೋರ್ಟ್’ಗೆ ಜೋನ್ಸ್ ಜೊತೆ ಬರೆದರು. ಜಾನ್ ಕ್ಲೀಸ್, ಗ್ರಹಾಂ ಚಾಪ್‌ಮನ್, ಎರಿಕ್ ಐಡಲ್ ಕೂಡ ಅಲ್ಲೇ ಬರೆಯುತ್ತಿದ್ದರು. ಈ ಐವರ ಜೊತೆಗೆ ಅಮೆರಿಕದ ಅನಿಮೇಷನ್ ಕಲಾವಿದ ಟೆರ್ರಿ ಗಿಲಿಯಂ ಸೇರಿದಾಗ ‘ಮಾಂಟಿ ಪೈಥಾನ್ಸ್ ಫ್ಲೈಯಿಂಗ್ ಸರ್ಕಸ್’ ಎಂಬ ಟಿವಿ ಹಾಸ್ಯ ಕಾರ್ಯಕ್ರಮ ಆಯಿತು. ಬಿಬಿಸಿಯಲ್ಲಿ ಮೊದಲ ಪ್ರಸಾರ 1969ರ ಅಕ್ಟೋಬರ್ 5. 1974ರವರೆಗೆ ನಾಲ್ಕು ಸರಣಿ, ಒಟ್ಟು 45 ಕಂತು. ಕೊನೆಯ ಸರಣಿಯ ಹೊತ್ತಿಗೆ ಕ್ಲೀಸ್ ಬಿಟ್ಟಿದ್ದರು. ಅದು ಆರೇ ಕಂತಿಗೆ ಮುಗಿಯಿತು.

ನಿರೂಪಣೆಗೆ ಮರಳಿದ್ದು 1980ರಲ್ಲಿ. ಪ್ರಪಂಚದ ದೊಡ್ಡ ರೈಲು ಪ್ರಯಾಣಗಳ ಕುರಿತ ಬಿಬಿಸಿ ಸರಣಿಯಲ್ಲಿ ಒಂದು ಕಂತು ಅವರ ಪಾಲಿಗೆ ಬಂತು: ಲಂಡನ್ನಿನಿಂದ ಸ್ಕಾಟ್ಲೆಂಡಿನ ಕೈಲ್ ಆಫ್ ಲೋಖಾಲ್ಶ್‌ವರೆಗೆ. ಚಿಕ್ಕಂದಿನಿಂದ ರೈಲಿನ ಹುಚ್ಚಿದ್ದವರು. ಕಡೆಗೆ ಆ ನಿಲ್ದಾಣದ ಉದ್ದನೆಯ ನಾಮಫಲಕವನ್ನೇ ಮನೆಗೆ ಹೊತ್ತು ತಂದರು. ಎಂಟು ವರ್ಷದ ನಂತರ ಬಿಬಿಸಿ, ಜೂಲ್ಸ್ ವರ್ನ್ ಕಾದಂಬರಿಯ ಜಾಡು ಹಿಡಿದು ‘80 ದಿನಗಳಲ್ಲಿ ಭೂಪ್ರದಕ್ಷಿಣೆ’ ಎಂಬ ಪ್ರವಾಸ ಸರಣಿ ಯೋಜಿಸಿದಾಗ ಮೊದಲು ಕೇಳಿದ್ದು ಇವರನ್ನಲ್ಲ. ಆಗಿನ ಪ್ರಖ್ಯಾತ ನಿರೂಪಕ ಅಲನ್ ವಿಕರ್ ಸೇರಿದಂತೆ ಬೇರೆಯವರು ಒಪ್ಪದ ಮೇಲೆ ಪೇಲಿನ್ ಸರದಿ ಬಂತು.

ಪ್ರಶ್ನೆ (ಧಾರವಾಡ, ಕಾಲೇಜು ನಾಟಕ ತಂಡ): ನಾವು ಸ್ಕಿಟ್ ಬರೆಯುತ್ತೇವೆ. ಕುಳಿತು ಓದಿದಾಗ ನಗು ಬರುತ್ತದೆ, ವೇದಿಕೆಯಲ್ಲಿ ಬೀಳುತ್ತದೆ. ಪೈಥಾನ್ ತಂಡ ಹೇಗೆ ಬರೆಯುತ್ತಿತ್ತು?

ಉತ್ತರ: ಆರು ಜನ ಒಟ್ಟಿಗೆ ಕುಳಿತು ಬರೆಯುತ್ತಿರಲಿಲ್ಲ. ಪೇಲಿನ್–ಜೋನ್ಸ್ ಒಂದು ಜೋಡಿ, ಕ್ಲೀಸ್–ಚಾಪ್‌ಮನ್ ಇನ್ನೊಂದು. ಐಡಲ್ ಒಬ್ಬರೇ ಬರೆಯುತ್ತಿದ್ದರು, ಗಿಲಿಯಂ ಚಿತ್ರಗಳಲ್ಲಿ ಮುಳುಗಿರುತ್ತಿದ್ದರು. ಬೇರೆ ಬೇರೆ ಬರೆದದ್ದನ್ನು ಒಂದು ಕಡೆ ಸೇರಿ ಜೋರಾಗಿ ಓದುತ್ತಿದ್ದರು. ಎಲ್ಲರೂ ನಕ್ಕರೆ ಇಟ್ಟುಕೊಳ್ಳುವುದು, ಅರೆಬರೆ ನಗು ಬಂದರೆ ತಿದ್ದಲು ಬೇರೆ ಜೋಡಿಗೆ ಕೊಡುವುದು. ಪಾತ್ರ ಹಂಚಿಕೆ ಕಡೆಯ ಕೆಲಸ. ಈ ಕ್ರಮವನ್ನು ನೀವು ನಾಳೆಯೇ ಅಳವಡಿಸಿಕೊಳ್ಳಬಹುದು. ‘ಇದು ನನ್ನ ಪಾತ್ರ’ ಎಂದು ಮೊದಲೇ ಗೊತ್ತಾದರೆ ಪ್ರತಿಯೊಬ್ಬನೂ ತನ್ನ ಸಾಲನ್ನು ಉಳಿಸಿಕೊಳ್ಳಲು ಗುದ್ದಾಡುತ್ತಾನೆ, ಸ್ಕಿಟ್ ಉದ್ದವಾಗುತ್ತದೆ.

ವೇದಿಕೆಯಲ್ಲಿ ಬೀಳುವುದಕ್ಕೆ ಹೆಚ್ಚಿನ ಸಲ ಕಾರಣ ಜೋಕು ಹೇಳುವವನಲ್ಲ, ಅವನ ಎದುರಿಗೆ ನಿಂತವನು. ಸತ್ತ ಗಿಳಿಯ ಪ್ರಹಸನವನ್ನು (ಡಿಸೆಂಬರ್ 1969) ಈ ಕಣ್ಣಿನಿಂದ ನೋಡಿ. ಗಿರಾಕಿ ಕ್ಲೀಸ್, ಅಂಗಡಿಯವ ಪೇಲಿನ್. ಅರ್ಧ ಗಂಟೆ ಮುಂಚೆ ಕೊಂಡ ಗಿಳಿ ಸತ್ತಿದೆ ಎಂದು ಗಿರಾಕಿ ಬಂದಿದ್ದಾನೆ. ಅಂಗಡಿಯವ ಒಪ್ಪುವುದಿಲ್ಲ. ಮೊದಲು ‘ವಿಶ್ರಾಂತಿ ತಗೊಳ್ತಿದೆ’ ಅನ್ನುತ್ತಾನೆ. ಆಮೇಲೆ ಗರಿಗಳ ಚಂದ ಹೊಗಳುತ್ತಾನೆ. ಪಂಜರಕ್ಕೆ ಮೆಲ್ಲಗೆ ತಟ್ಟಿ ‘ನೋಡಿ, ಅಲ್ಲಾಡಿತು’ ಅನ್ನುತ್ತಾನೆ. ಕ್ಲೀಸ್ ಗಿಳಿಯನ್ನು ಕೌಂಟರಿಗೆ ಬಡಿಯುವುದೇ ಎಲ್ಲರ ನೆನಪಿನಲ್ಲಿರುತ್ತದೆ. ಆದರೆ ಆ ಕೋಪ ಏರುವುದಕ್ಕೆ ಮೆಟ್ಟಿಲು ಕಟ್ಟಿದವರು ಪೇಲಿನ್. ಪ್ರತಿ ನೆಪವೂ ಹಿಂದಿನದಕ್ಕಿಂತ ಒಂದು ಹೆಜ್ಜೆ ದೂರ, ಮುಖದಲ್ಲಿ ಮಾತ್ರ ಸುಳ್ಳಿನ ಸುಳಿವಿಲ್ಲ. ಈ ಅಂಗಡಿಯವನ ಮೂಲ ಒಬ್ಬ ಗ್ಯಾರೇಜಿನವನು: ಕಾರಿನಲ್ಲಿ ಏನು ಕೆಟ್ಟಿದೆ ಎಂದರೂ ‘ಹೊಸದರಲ್ಲಿ ಹಾಗೇ ಸಾರ್’ ಅನ್ನುವ ಜಾತಿ. ಪೇಲಿನ್ ಹೇಳಿದ ಆ ಅನುಭವ 1968ರಲ್ಲಿ ಕಾರು ಮಾರುವವನ ಸ್ಕಿಟ್ ಆಗಿತ್ತು; ಮರುವರ್ಷ ಕಾರು ಹೋಗಿ ಗಿಳಿ ಬಂತು.

1989ರಲ್ಲಿ ಮಾನವ ಹಕ್ಕುಗಳ ಸಂಸ್ಥೆ ಆಮ್ನೆಸ್ಟಿಗಾಗಿ ನಡೆದ ಪ್ರದರ್ಶನದಲ್ಲಿ ಇಬ್ಬರೂ ಇದನ್ನೇ ಮತ್ತೆ ಆಡಿದರು. ಕ್ಲೀಸ್ ಗಿಳಿ ಸತ್ತಿದೆ ಎಂದರು. ಪೇಲಿನ್ ನೋಡಿ, ಹೌದು ಸತ್ತಿದೆ ಎಂದು ದುಡ್ಡು ವಾಪಸ್ ಕೊಟ್ಟುಬಿಟ್ಟರು. ಪ್ರಹಸನ ಅಲ್ಲಿಗೇ ಮುಗಿಯಿತು, ಜನ ಹುಚ್ಚೆದ್ದು ನಕ್ಕರು. ಅದನ್ನು ನಿಮ್ಮ ತಂಡಕ್ಕೆ ತೋರಿಸಿ. ಎದುರಿನವನು ಒಪ್ಪಿಕೊಂಡ ಕ್ಷಣ ದೃಶ್ಯಕ್ಕೆ ಉಸಿರಿರುವುದಿಲ್ಲ ಎನ್ನುವುದು ಅದರಲ್ಲಿ ಕಣ್ಣಿಗೆ ಕಟ್ಟುತ್ತದೆ. ತಾಲೀಮಿನಲ್ಲಿ ಒಂದು ಸಲ ಪಾತ್ರಗಳನ್ನು ಅದಲುಬದಲು ಮಾಡಿ ಆಡಿ. ಯಾರ ಪ್ರತಿಕ್ರಿಯೆ ತಡವಾಗುತ್ತಿದೆ, ಯಾರು ನಗು ಬರುವ ಮೊದಲೇ ಮುಂದಿನ ಸಾಲು ಹೇಳುತ್ತಿದ್ದಾರೆ ಗೊತ್ತಾಗುತ್ತದೆ.

ಕೊನೆಯ ಪಂಚ್ ಸಿಗದಿದ್ದರೆ ಒದ್ದಾಡಬೇಡಿ. ಪೈಥಾನ್ ತಂಡ ಪಂಚ್ ಲೈನನ್ನೇ ಕೈಬಿಟ್ಟು, ಗಿಲಿಯಂ ಅನಿಮೇಷನ್ ಮೂಲಕ ಮುಂದಿನ ದೃಶ್ಯಕ್ಕೆ ಜಾರಿಬಿಡುತ್ತಿತ್ತು. ಹಾಸ್ಯಗಾರ ಸ್ಪೈಕ್ ಮಿಲಿಗನ್ 1969ರಲ್ಲೇ ಟಿವಿಯಲ್ಲಿ ಹಾಗೆ ಮಾಡಿದ್ದನ್ನು ನೋಡಿ ಅವರಿಗೆ ಧೈರ್ಯ ಬಂದಿತ್ತು.

ಪ್ರಶ್ನೆ (ಬೆಂಗಳೂರು): ಸಿನಿಮಾ ನಟರಾಗಿ ಅವರನ್ನು ಗಂಭೀರವಾಗಿ ತೆಗೆದುಕೊಳ್ಳಬಹುದೇ?

ಉತ್ತರ: ಖಂಡಿತ. ಪೈಥಾನ್ ತಂಡದ ಸಿನಿಮಾಗಳನ್ನು ಪಕ್ಕಕ್ಕಿಟ್ಟು ‘ಬ್ರೆಜಿಲ್’ (1985) ನೋಡಿ. ನಿರ್ದೇಶನ ಗಿಲಿಯಂ ಅವರದು. ಪೇಲಿನ್ ಅದರಲ್ಲಿ ಸರ್ಕಾರಿ ಚಿತ್ರಹಿಂಸೆಯ ಅಧಿಕಾರಿ, ನಾಯಕನ ಹಳೆಯ ಗೆಳೆಯ. ಬಿಳಿ ಕೋಟಿನ ಮೇಲೆ ರಕ್ತದ ಕಲೆ, ಕಚೇರಿಯಲ್ಲೇ ಆಡುತ್ತಿರುವ ಪುಟ್ಟ ಮಗಳು, ಮುಖದಲ್ಲಿ ಮನೆಗೆ ಬಂದ ಅತಿಥಿಗೆ ಕಾಫಿ ಬೇಕಾ ಎಂದು ಕೇಳುವಂಥ ಸೌಜನ್ಯ. ಅವರ ‘ಒಳ್ಳೆಯ ಮನುಷ್ಯ’ ಎಂಬ ಹೆಸರೇ ಇಲ್ಲಿ ಬೆನ್ನುಹುರಿ ನಡುಗಿಸುತ್ತದೆ. ನಮ್ಮ ಲೆಕ್ಕದಲ್ಲಿ ಇದು ಅವರ ಅತ್ಯುತ್ತಮ ಅಭಿನಯ. ಟಿವಿಯಲ್ಲಾದರೆ 1991ರ ‘ಜಿಬಿಎಚ್’: ರಾಜಕೀಯದ ಪುಂಡಾಟಕ್ಕೆ ಎದುರು ನಿಲ್ಲುವ, ಒಳಗೆ ಭಯ–ಆತಂಕಗಳಿಂದ ಕುಗ್ಗಿದ ಶಾಲಾ ಮುಖ್ಯೋಪಾಧ್ಯಾಯನ ಪಾತ್ರ. ‘ದ ಡೆತ್ ಆಫ್ ಸ್ಟಾಲಿನ್’ (2017) ಚಿತ್ರದಲ್ಲಿ ಸೋವಿಯತ್ ನಾಯಕ ಮೊಲೊಟೊವ್ ಕೂಡ ಇವರೇ.

ಪ್ರಶ್ನೆ (ಮೈಸೂರು): ‘ಎ ಫಿಶ್ ಕಾಲ್ಡ್ ವಾಂಡಾ’ದಲ್ಲಿ ಪೇಲಿನ್ ಉಗ್ಗುವ ಪಾತ್ರ ಮಾಡಿದ್ದಾರೆ. ನನ್ನ ಮಗ ಉಗ್ಗುತ್ತಾನೆ. ಆ ಸಿನಿಮಾ ನೋಡಿ ಬೇಸರವಾಯಿತು. ಅದು ಅಪಹಾಸ್ಯವಲ್ಲವೇ?

ಉತ್ತರ: ನಿಮ್ಮ ಬೇಸರ ನ್ಯಾಯವಾದದ್ದು. 1988ರಲ್ಲಿ ಚಿತ್ರ ಬಂದಾಗ ಉಗ್ಗು ಇರುವವರಿಂದಲೂ ಆಕ್ಷೇಪ ಬಂದಿತ್ತು. ಪೇಲಿನ್ ಅವರ ತಂದೆಗೆ ಜೀವನವಿಡೀ ಉಗ್ಗು ಇತ್ತು; ಕೆನ್ ಎಂಬ ಆ ಪಾತ್ರಕ್ಕೆ ಮನೆಯಲ್ಲಿ ಕಂಡದ್ದೇ ಆಧಾರ. ಆ ದೃಷ್ಟಿಯಿಂದ ಹೋಟೆಲಿನ ಹೆಸರು ಹೇಳುವ ದೃಶ್ಯವನ್ನು ಇನ್ನೊಮ್ಮೆ ನೋಡಿ. ಕ್ಲೀಸ್ ಮಾಡಿದ ವಕೀಲನಿಗೆ ಆತುರ. ಮೊದಲು ಸಮಾಧಾನದ ನಟನೆ, ಆಮೇಲೆ ಒತ್ತಾಯ, ಆಮೇಲೆ ಸಿಟ್ಟು. ಅವನು ಅವಸರಪಡಿಸಿದಷ್ಟೂ ಕೆನ್‌ನ ಮಾತು ಗಂಟಲಲ್ಲೇ ಕಟ್ಟುತ್ತದೆ. ಉಗ್ಗು ಗಟ್ಟಿಯಾಗುವುದು ನಿಜಕ್ಕೂ ಹೀಗೇ. ಚಿತ್ರದ ಕೊನೆಯಲ್ಲಿ ಸೇಡು ತೀರಿದ ಕೂಡಲೇ ಉಗ್ಗು ಮಾಯವಾಗುತ್ತದಲ್ಲ, ಅದು ಮಾತ್ರ ಶುದ್ಧ ಸಿನಿಮಾ. ಮಗನಿಗೆ ಅದನ್ನು ಬಿಡಿಸಿ ಹೇಳಿ. ಆ ಪಾತ್ರಕ್ಕೆ ಪೇಲಿನ್‌ಗೆ ಪೋಷಕ ನಟನ ಬಾಫ್ಟಾ (ಬ್ರಿಟನ್ನಿನ ಸಿನಿಮಾ ಪ್ರಶಸ್ತಿ) ಬಂತು. ಉಗ್ಗುವ ಮಕ್ಕಳಿಗಾಗಿ 1993ರಲ್ಲಿ ಲಂಡನ್ನಿನಲ್ಲಿ ತೆರೆದ ಚಿಕಿತ್ಸಾ ಕೇಂದ್ರಕ್ಕೆ ತಮ್ಮ ಹೆಸರು ಕೊಟ್ಟು, ಅದರ ಬೆನ್ನಿಗೆ ನಿಂತರು.

ಮನೆಯಲ್ಲಿ ನೀವು ಮಾಡಬಹುದಾದದ್ದು ಇಷ್ಟು. ಮಗನ ಮಾತನ್ನು ನೀವು ಪೂರ್ತಿ ಮಾಡಬೇಡಿ. ‘ನಿಧಾನವಾಗಿ ಹೇಳು’, ‘ಉಸಿರು ತಗೋ’ ಎಂದೂ ಹೇಳಬೇಡಿ. ಅದು ಸಹಾಯದಂತೆ ಕಂಡರೂ ಮಗುವಿಗೆ ತಪ್ಪು ಮಾಡಿದೆ ಅನ್ನಿಸುತ್ತದೆ. ಅವನ ಬದಲು ನಿಮ್ಮ ಮಾತಿನ ವೇಗ ಇಳಿಸಿ. ಅವನು ಮುಗಿಸಿದ ಮೇಲೆ ಒಂದು ಕ್ಷಣ ಬಿಟ್ಟು ಉತ್ತರಿಸಿ. ಊಟಕ್ಕೆ ಕುಳಿತಾಗ ಒಬ್ಬರಾದ ಮೇಲೆ ಒಬ್ಬರು ಮಾತಾಡುವ ರೂಢಿ ಮಾಡಿ. ಕೆಲವು ತಿಂಗಳಾದರೂ ಕಡಿಮೆಯಾಗದಿದ್ದರೆ, ಅಥವಾ ಅವನು ಮಾತಿಗೇ ಹಿಂಜರಿಯುತ್ತಿದ್ದರೆ ತಡಮಾಡಬೇಡಿ. ನಿಮ್ಮೂರಿನ ಮಾನಸಗಂಗೋತ್ರಿಯಲ್ಲೇ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ಇದೆ. ಉಗ್ಗಿಗೆ ಅಲ್ಲಿ ತಪಾಸಣೆ, ಚಿಕಿತ್ಸೆ ಎರಡೂ ಸಿಗುತ್ತವೆ.

ಪ್ರಶ್ನೆ (ರಾಯಚೂರು): 80 ದಿನದ ಪ್ರಯಾಣ ನಿಜವಾಗಿ ನಡೆದದ್ದೇ? ಕರ್ನಾಟಕಕ್ಕೆ ಬಂದಿದ್ದರೇ? ಅಂಥ ಕಾರ್ಯಕ್ರಮ ಚಿತ್ರೀಕರಿಸುವುದು ಹೇಗೆ?

ಉತ್ತರ: ನಿಜವಾಗಿ ನಡೆದದ್ದೇ. 1988ರ ಸೆಪ್ಟೆಂಬರ್ 25ರಂದು ಲಂಡನ್ನಿನ ರಿಫಾರ್ಮ್ ಕ್ಲಬ್ಬಿನಿಂದ ಹೊರಟು, 79 ದಿನ 7 ಗಂಟೆಯಲ್ಲಿ ಮುಗಿಸಿದರು. ನಿಯಮ ಒಂದೇ: ವಿಮಾನ ಹತ್ತಬಾರದು. ಜೂಲ್ಸ್ ವರ್ನ್ ಕಾದಂಬರಿಯ ಕಾಲದಲ್ಲಿ ಇದ್ದ ಪ್ರಯಾಣಿಕರ ಹಡಗುಗಳು 1988ರ ಹೊತ್ತಿಗೆ ಬಹುಪಾಲು ನಿಂತುಹೋಗಿದ್ದವು. ಹಾಗಾಗಿ ನೂರು ವರ್ಷ ಕಳೆದ ಮೇಲೆ ಪ್ರಯಾಣ ಸುಲಭವಾಗುವ ಬದಲು ಕಷ್ಟವಾಗಿತ್ತು. ಸೌದಿ ಅರೇಬಿಯಾವನ್ನು ರಸ್ತೆಯಲ್ಲಿ ದಾಟಿ ದುಬೈ ಸೇರಿದರು. ಅಲ್ಲಿಂದ ಮುಂಬೈಗೆ ಸಿಕ್ಕಿದ್ದು ಗುಜರಾತಿನ ನಾವಿಕರ ಮರದ ಹಡಗು. ಡೆಕ್ಕಿನ ಮೇಲೆ ಮಲಗಬೇಕು. ಶೌಚಾಲಯ ಅಂದರೆ ಹಡಗಿನ ಹೊರಬದಿಗೆ ತೂಗುಹಾಕಿದ ಒಂದು ಪೆಟ್ಟಿಗೆ. ಪೇಲಿನ್‌ಗೆ ಹೊಟ್ಟೆ ಕೆಟ್ಟಿತು, ನಾವಿಕರು ಆರೈಕೆ ಮಾಡಿದರು. ಭಾಷೆ ಬಾರದ ಹಿರಿಯ ನಾವಿಕನೊಬ್ಬನ ಕಿವಿಗೆ ಪೇಲಿನ್ ತಮ್ಮ ವಾಕ್‌ಮನ್ ಹಾಕಿ ಬ್ರೂಸ್ ಸ್ಪ್ರಿಂಗ್‌ಸ್ಟೀನ್ ಹಾಡು ಕೇಳಿಸುತ್ತಾರೆ. ಆತನ ಮುಖ ಅರಳುವುದನ್ನು ಕ್ಯಾಮೆರಾ ಸುಮ್ಮನೆ ನೋಡುತ್ತದೆ. ಗಿಳಿ ಅಂಗಡಿಯಲ್ಲಿ ಎದುರಿನವನನ್ನು ಬೆಳೆಯಗೊಡುತ್ತಿದ್ದ ನಟನೇ ಇಲ್ಲೂ ಇರುವುದು. ಇಡೀ ಸರಣಿಯಲ್ಲಿ ಇದಕ್ಕಿಂತ ಒಳ್ಳೆಯ ನಿಮಿಷ ನಮಗೆ ಕಂಡಿಲ್ಲ.

ಮುಂಬೈನಲ್ಲಿ ಕಣ್ಣು ಕಾಣದ ಕ್ಷೌರಿಕರೊಬ್ಬರ ಕೈಗೆ ಗಡ್ಡ ಒಪ್ಪಿಸಿದರು. ನಂತರ ರೈಲಿನಲ್ಲಿ ಮದ್ರಾಸಿಗೆ, ಅಲ್ಲಿಂದ ಸರಕು ಹಡಗಿನಲ್ಲಿ ಸಿಂಗಪುರಕ್ಕೆ. ಆ ಮುಂಬೈ–ಮದ್ರಾಸ್ ರೈಲು ಮಾರ್ಗ ಕಲಬುರಗಿ, ವಾಡಿ, ಯಾದಗಿರಿ ದಾಟಿ ನಿಮ್ಮ ರಾಯಚೂರಿನ ಮೇಲೇ ಹೋಗುತ್ತದೆ. ಕರ್ನಾಟಕದ ನಂಟು ಅಷ್ಟೇ.

ಚಿತ್ರೀಕರಣದ ಲೆಕ್ಕ ಹೀಗೆ. ಜೊತೆಗಿದ್ದ ಐದು ಜನರ ತಂಡಕ್ಕೆ ಪೇಲಿನ್ ಇಟ್ಟ ಹೆಸರು ‘ಪಾಸ್‌ಪಾರ್ತೂ’; ಕಾದಂಬರಿಯಲ್ಲಿ ಅದು ನಾಯಕನ ಸೇವಕನ ಹೆಸರು. ಕ್ಯಾಮೆರಾದಲ್ಲಿ ಇದ್ದದ್ದು ಫಿಲ್ಮ್. 16 ಎಂಎಂ ಫಿಲ್ಮಿನ 400 ಅಡಿಯ ಒಂದು ರೀಲು, ಸೆಕೆಂಡಿಗೆ 25 ಫ್ರೇಮಿನಂತೆ ಓಡಿದರೆ, ಸುಮಾರು 10 ನಿಮಿಷ 40 ಸೆಕೆಂಡಿಗೆ ಮುಗಿಯುತ್ತದೆ. ಚೆನ್ನಾಗಿ ಬಂತೋ ಇಲ್ಲವೋ ಅಲ್ಲೇ ನೋಡಿಕೊಳ್ಳುವಂತಿಲ್ಲ. ಆದ್ದರಿಂದ ಏನು ಕೇಳಬೇಕು, ಎಲ್ಲಿ ಸುಮ್ಮನಿರಬೇಕು ಎಂಬುದು ನಿರೂಪಕನಿಗೆ ಗೊತ್ತಿರಲೇಬೇಕು. ಪೇಲಿನ್ ಜನರನ್ನು ಕುರ್ಚಿಯಲ್ಲಿ ಕೂರಿಸಿ ಸಂದರ್ಶಿಸುವುದು ಕಡಿಮೆ. ಅವರು ಅಡುಗೆ ಮಾಡುತ್ತಲೋ ಹಗ್ಗ ಎಳೆಯುತ್ತಲೋ ಇರುವಾಗ ಪಕ್ಕದಲ್ಲಿ ನಿಂತು ಚಿಕ್ಕ ಪ್ರಶ್ನೆ ಹಾಕುತ್ತಾರೆ. ಕೈ ಕೆಲಸದಲ್ಲಿರುವವರಿಗೆ ಕ್ಯಾಮೆರಾ ಮರೆತುಹೋಗುತ್ತದೆ. ಜೇಬಿನಲ್ಲಿ ನೋಟ್‌ಬುಕ್ಕು, ಪುಟ್ಟ ಟೇಪ್ ರೆಕಾರ್ಡರು ಸದಾ ಇರುತ್ತಿದ್ದವು. 1969ರಿಂದ ಡೈರಿ ಬರೆಯುತ್ತಿದ್ದವರಿಗೆ ಅದು ಹೊಸ ಅಭ್ಯಾಸವೇನಲ್ಲ. ಪ್ರತಿ ಸರಣಿಯ ಜೊತೆಗೆ ಬಂದ ಪುಸ್ತಕಗಳು ಆ ಟಿಪ್ಪಣಿಗಳಿಂದಲೇ ಹುಟ್ಟಿದವು.

ಪ್ರಶ್ನೆ (ದುಬೈ): ಪ್ರವಾಸ ಸರಣಿಗಳಲ್ಲಿ ಯಾವುದರಿಂದ ಶುರುಮಾಡಲಿ?

ಉತ್ತರ: 1989ರಲ್ಲಿ ಪ್ರಸಾರವಾದ 80 ದಿನದ ಸರಣಿಯಿಂದಲೇ, ಏಳೇ ಕಂತು, ಅದರ ಮರದ ಹಡಗು ಹೊರಟದ್ದೂ ನಿಮ್ಮೂರಿನಿಂದಲೇ. ನಂತರ ‘ಪೋಲ್ ಟು ಪೋಲ್’ (1992): ಪೂರ್ವ ರೇಖಾಂಶ 30 ಡಿಗ್ರಿಯ ಗೆರೆ ಹಿಡಿದು ಉತ್ತರ ಧ್ರುವದಿಂದ ದಕ್ಷಿಣಕ್ಕೆ. 1991ರಲ್ಲಿ, ಸೋವಿಯತ್ ಒಕ್ಕೂಟ ಒಡೆಯುವ ಅಂಚಿನಲ್ಲಿದ್ದಾಗ ಅದರೊಳಗಿಂದ ಹಾದುಹೋದ ಕಾರಣ ಇಂದು ಅದು ಚರಿತ್ರೆಯ ದಾಖಲೆ. ಕೇಪ್‌ಟೌನ್‌ನಿಂದ ಅಂಟಾರ್ಕ್ಟಿಕಾಕ್ಕೆ ಹೋಗುವ ಹಡಗಿನಲ್ಲಿ ಜಾಗ ಸಿಗದೆ ಚಿಲಿಗೆ ಹೋಗಿ ಅಲ್ಲಿಂದ ವಿಮಾನ ಹಿಡಿಯಬೇಕಾಯಿತು. ಅದನ್ನು ಮುಚ್ಚಿಡದೆ ತೋರಿಸಿದ್ದಾರೆ. ‘ಫುಲ್ ಸರ್ಕಲ್’ (1997) ಪೆಸಿಫಿಕ್ ಸಾಗರದ ಸುತ್ತ. ಹೊರಟ ಪುಟ್ಟ ದ್ವೀಪದ ಹತ್ತಿರಕ್ಕೆ ಬಂದೂ ಹವಾಮಾನ ಕೆಟ್ಟು ಕಾಲಿಡಲಾಗದೆ ವೃತ್ತ ತುಸು ತೆರೆದೇ ಉಳಿಯಿತು. ‘ಹಿಮಾಲಯ’ (2004) ಭಾರತೀಯರಿಗೆ ಇಷ್ಟವಾಗುತ್ತದೆ, ಆದರೆ ಮೂರನೆಯದಾಗಿ ನೋಡಿ. ‘ಹೆಮಿಂಗ್ವೇ ಅಡ್ವೆಂಚರ್’ (1999) ಬಿಟ್ಟರೂ ನಷ್ಟವಿಲ್ಲ.

ಪ್ರವಾಸ, ಸಂಸ್ಕೃತಿ, ಭೂಗೋಳಕ್ಕೆ ಸಲ್ಲಿಸಿದ ಸೇವೆಗಾಗಿ 2019ರಲ್ಲಿ ‘ಸರ್’ ಪದವಿ ಬಂತು; ಅದಕ್ಕೂ ಮೊದಲು 2009ರಿಂದ 2012ರವರೆಗೆ ರಾಯಲ್ ಜಿಯಾಗ್ರಾಫಿಕಲ್ ಸೊಸೈಟಿಯ ಅಧ್ಯಕ್ಷರಾಗಿದ್ದರು. ವಯಸ್ಸಾದ ಮೇಲಿನ ಕೆಲಸ ನೋಡಬೇಕೆಂದರೆ ಉತ್ತರ ಕೊರಿಯಾದ ಕಂತುಗಳಿವೆ (2018). ಚಿತ್ರೀಕರಣದ ನಡುವೆ ಅಲ್ಲಿಯೇ 75 ತುಂಬಿತು. ಮಾತಿಗಿಂತ ಮೌನವೇ ಹೆಚ್ಚಿರುವ ಆ ದೇಶದಲ್ಲಿ ಸರ್ಕಾರಿ ಮಾರ್ಗದರ್ಶಕಿಯ ಎದುರು ಅವರು ಪ್ರಶ್ನೆ ಕೇಳಿ ಕಾಯುವ ರೀತಿಯನ್ನು ಗಮನಿಸಿ.